ಕಂಡರೂ ಪರಾಂಬರಿಸಿ ನೋಡು



ಚುನಾವಣೆ ಸಮೀಪಿಸಿದಾಗ ನಮ್ಮ ಊರುಗಳಿಗೆ ಬರುವ ವಾಹನಗಳನ್ನು ನೀವು ಗಮನಿಸಿರಬಹುದು. ಹಿಂದೆ ಜೀಪಿನ ನೆತ್ತಿಯ ಮೇಲೆ ಧ್ವನಿವರ್ಧಕವೊಂದಿದ್ದರೆ ಸಾಕಾಗುತ್ತಿತ್ತು. ಈಗ ವಾಹನದ ಒಂದು ಮಗ್ಗುಲೇ ಎಲ್‌ಇಡಿ ಪರದೆಯಾಗಿರುತ್ತದೆ. ಅದು ಊರ ಮುಂದೆ ನಿಲ್ಲುತ್ತದೆ, ಕೆಲವು ನಿಮಿಷಗಳ ಚಿತ್ರವನ್ನು ತೋರಿಸುತ್ತದೆ, ಮುಂದಿನ ಊರಿಗೆ ಹೊರಡುತ್ತದೆ. ಚಿತ್ರದಲ್ಲಿ ಹಸಿರು ಹೊಲವಿದೆ, ನಗುವ ತಾಯಿಯಿದ್ದಾಳೆ, ಹೊಸ ಮನೆಯ ಬಾಗಿಲು ತೆರೆಯುವ ಮುದುಕನಿದ್ದಾನೆ. ಕೊನೆಯಲ್ಲಿ ಪಕ್ಷದ ಗುರುತು. ಸಾಲದ್ದಕ್ಕೆ, ಇದೇ ಚಿತ್ರದ ತುಣುಕು ರಾತ್ರಿ ನಮ್ಮ ಅಂಗೈಯ ಮೊಬೈಲಿಗೂ ಬಂದಿರುತ್ತದೆ.

ಈ ಚಿತ್ರಗಳನ್ನು ಯಾರಿಗಾಗಿ ತೆಗೆಯುತ್ತಾರೆ? ಪೇಟೆಯಲ್ಲಿ ಪತ್ರಿಕೆ ಓದಿ ವಾದಿಸುವವರಿಗಾಗಿ ಅಲ್ಲ. ಬೇಲೂರು ತಾಲೂಕಿನ ಗೆಂಡೆಹಳ್ಳಿಯಂಥ ಊರನ್ನು ಮನಸ್ಸಿಗೆ ತಂದುಕೊಳ್ಳಿ. ಸುತ್ತಿನ ಕಾಫಿ ಸೀಮೆಯಲ್ಲಿ ಹಣ್ಣು ಕೊಯ್ದು ಸಂಜೆ ಮನೆಗೆ ಬರುವ ಹೆಂಗಸು, ಮರ ಹತ್ತಿ ನೆರಳು ಕಸಿ ಮಾಡುವ ಆಳು, ವಾರದ ಬಟವಾಡೆಯಲ್ಲಿ ಅಂಗಡಿಯ ಬಾಕಿ ತೀರಿಸುವ ಸಂಸಾರಸ್ಥ; ಆಚೆ ಅರಸೀಕೆರೆಯ ಬಯಲು ಸೀಮೆಯಲ್ಲಿ ಮಳೆಯ ದಾರಿ ಕಾಯುವ ರಾಗಿ ಬೆಳೆಗಾರ. ಚಿತ್ರ ತೆಗೆಯುವವರ ಕಣ್ಣು ಇಂಥವರ ಮೇಲಿದೆ. ಹಾಗಾದರೆ ಇವರನ್ನು ಕುರಿತು ಆ ಚಿತ್ರಕಾರರು ಏನೆಂದು ತಿಳಿದಿದ್ದಾರೆ? ಅವರ ತಿಳಿವಳಿಕೆ ಸರಿಯೇ? ಸುಮಾರು ನೂರು ವರ್ಷಗಳ ಇತಿಹಾಸ ಈ ಪ್ರಶ್ನೆಗೆ ಒಂದು ಉತ್ತರ ಕೊಡುತ್ತದೆ. ಆ ಉತ್ತರದಲ್ಲಿ ನಮ್ಮ ಜನರ ಬಗೆಗೆ ಹೆಮ್ಮೆಪಡುವ ಮಾತೂ ಇದೆ, ನಮ್ಮನ್ನು ಎಚ್ಚರಿಸುವ ಮಾತೂ ಇದೆ.

ಗಾಲಿಯ ಮೇಲೆ ಬಂದ ಪರದೆ

ಹಳ್ಳಿಗರ ಬಳಿಗೆ ರಾಜಕೀಯದ ಚಿತ್ರವನ್ನು ಹೊತ್ತೊಯ್ಯುವ ಉಪಾಯವನ್ನು ಮೊದಲು ದೊಡ್ಡ ಪ್ರಮಾಣದಲ್ಲಿ ಮಾಡಿದವರಲ್ಲಿ ರಷ್ಯದ ಕ್ರಾಂತಿಕಾರರು ಸೇರಿದ್ದಾರೆ. 1918ರಿಂದ ಅವರು ಬಣ್ಣ ಬಳಿದ ಪ್ರಚಾರ ರೈಲುಗಳನ್ನು ಒಳನಾಡಿಗೆ ಕಳುಹಿಸಿದರು. ಅವುಗಳಲ್ಲಿ ಕರಪತ್ರಗಳೂ ಭಾಷಣಕಾರರೂ ಇದ್ದಂತೆ ಚಲನಚಿತ್ರದ ಯಂತ್ರವೂ ಇತ್ತು. ಓದು ಬಾರದ ರೈತನಿಗೆ ಚಿತ್ರವೇ ಪುಸ್ತಕವೆಂಬುದು ಅವರ ಎಣಿಕೆಯಾಗಿತ್ತು.

ಆ ಕ್ರಾಂತಿಗೆ ತೀರ ವಿರುದ್ಧವಾಗಿದ್ದ ಇಂಗ್ಲೆಂಡಿನ ಕನ್ಸರ್ವೇಟಿವ್ ಪಕ್ಷವೂ ಇದೇ ದಾರಿ ಹಿಡಿದದ್ದು ಇತಿಹಾಸದ ವಿನೋದ. ಅಲ್ಲಿ 1918ರ ಕಾಯಿದೆಯಿಂದ 21 ವರ್ಷ ತುಂಬಿದ ಗಂಡಸರಿಗೆಲ್ಲ, 30 ದಾಟಿದ ಬಹುಪಾಲು ಹೆಂಗಸರಿಗೆ ಮತ ದೊರೆಯಿತು. 1928ರ ಕಾಯಿದೆಯಿಂದ ಹೆಣ್ಣು ಗಂಡಿಗೆ ಸಮಾನ ಹಕ್ಕು ಬಂತು. ಗಣಿಯ ಕಾರ್ಮಿಕ, ಹೊಲದ ಆಳು, ಮನೆಗೆಲಸದ ಹೆಣ್ಣು ಎಲ್ಲರೂ ಮತದಾರರಾದರು. ಇವರನ್ನು ತಲುಪಲು ಪಕ್ಷವು 1920ರ ದಶಕದ ನಡುವಿನಿಂದ ಸಿನಿಮಾ ವ್ಯಾನುಗಳನ್ನು ಊರೂರಿಗೆ ಕಳುಹಿಸಿತು. ಹಗಲು ಬೆಳಕಿನಲ್ಲಿಯೂ ಚಿತ್ರ ಕಾಣುವಂತೆ ವ್ಯಾನಿನ ಒಳಗಿನಿಂದ ಅದರ ಹಿಂಬದಿಯ ಪರದೆಯ ಮೇಲೆ ಬೆಳಕು ಬೀಳಿಸುತ್ತಿದ್ದರು. ಪ್ರಧಾನಿ ಸ್ಟ್ಯಾನ್ಲಿ ಬಾಲ್ಡ್ವಿನ್ನರ ಭಾಷಣದ ಚಿತ್ರ, ಎದುರಾಳಿಗಳನ್ನು ಗೇಲಿ ಮಾಡುವ ವ್ಯಂಗ್ಯಚಿತ್ರ, ನಡುವೆ ಮನರಂಜನೆ: ಹೀಗೆ ಕಾರ್ಯಕ್ರಮ ಸಾಗುತ್ತಿತ್ತು. ಆದರೆ ವ್ಯಾನುಗಳು ಓಡಾಡುತ್ತಿದ್ದಾಗಲೇ 1929ರ ಚುನಾವಣೆಯಲ್ಲಿ ಆ ಪಕ್ಷ ಅಧಿಕಾರ ಕಳೆದುಕೊಂಡಿತು. 1931ರಲ್ಲಿ ಅದು ಸೇರಿದ್ದ ಕೂಟ ಭಾರಿ ಬಹುಮತ ಪಡೆಯಿತು. ವ್ಯಾನು ಎರಡೂ ಬಾರಿ ಇತ್ತು. ನಡುವೆ ಬದಲಾದದ್ದು ನಿರುದ್ಯೋಗ, ಬೆಲೆ, ಸಂಬಳಗಳ ಸ್ಥಿತಿ.

ಇನ್ನೊಂದು ಪ್ರಸಂಗವನ್ನು ನಾವು ಹೆಚ್ಚು ಎಚ್ಚರದಿಂದ ನೋಡಬೇಕು. 1934ರಲ್ಲಿ ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯದ ಗವರ್ನರ್ ಹುದ್ದೆಗೆ ಕಾದಂಬರಿಕಾರ ಅಪ್ಟನ್ ಸಿಂಕ್ಲೇರ್ ಸ್ಪರ್ಧಿಸಿದರು. ಪಾಳುಬಿದ್ದ ಜಮೀನು, ಮುಚ್ಚಿದ ಕಾರ್ಖಾನೆಗಳನ್ನು ನಿರುದ್ಯೋಗಿಗಳಿಗೆ ತೆರೆದುಕೊಡುವುದು ಅವರ ಯೋಜನೆ. ಅವರನ್ನು ಸೋಲಿಸಲು ಎಂಜಿಎಂ ಎಂಬ ಹೆಸರಾಂತ ಚಿತ್ರಸಂಸ್ಥೆಯ ಇರ್ವಿಂಗ್ ಥಾಲ್ಬರ್ಗ್ ಅವರ ಮೇಲ್ವಿಚಾರಣೆಯಲ್ಲಿ ಕಿರುಚಿತ್ರಗಳು ತಯಾರಾದವು. ಅವು ವಾರ್ತಾಚಿತ್ರದ ವೇಷದಲ್ಲಿದ್ದವು. ಸಿಂಕ್ಲೇರ್ ಗೆದ್ದರೆ ಬಿಟ್ಟಿ ಕೂಳಿಗಾಗಿ ಹೊರರಾಜ್ಯಗಳ ಅಲೆಮಾರಿಗಳು ರೈಲು ಹತ್ತಿ ಬರುತ್ತಾರೆಂಬ ಭಯವನ್ನು ಆ ಚಿತ್ರಗಳು ಜನರ ಮುಂದೆ ಹಿಡಿದವು. ಟಿಕೆಟು ಕೊಂಡು ಸಿನಿಮಾಕ್ಕೆ ಬಂದವರಿಗೆ ಇದು ಪ್ರಚಾರವೆಂದು ಯಾರೂ ಹೇಳಲಿಲ್ಲ. ಸಿಂಕ್ಲೇರ್ ಸೋತರು.

ಈ ಎರಡು ಪ್ರಸಂಗಗಳ ವ್ಯತ್ಯಾಸವನ್ನು ನೆನಪಿನಲ್ಲಿಡಿ. ಇಂಗ್ಲೆಂಡಿನ ಕೂಲಿಕಾರನಿಗೆ ಅವನದೇ ಸಂಬಳದ ಮಾತು ಹೇಳಿದ ಚಿತ್ರವನ್ನು ಅವನು ತನ್ನ ಜೇಬಿನೊಂದಿಗೆ ಹೋಲಿಸಿ ನೋಡಬಹುದಾಗಿತ್ತು. ಕ್ಯಾಲಿಫೋರ್ನಿಯಾದ ಚಿತ್ರ ತೋರಿಸಿದ್ದು ನೋಡುಗನು ಎಂದೂ ಭೇಟಿಯಾಗದ ಅಪರಿಚಿತರನ್ನು. ಅದನ್ನು ಪರೀಕ್ಷಿಸಲು ಅವನ ಬಳಿ ಅಳತೆಗೋಲು ಇರಲಿಲ್ಲ.

ನಮ್ಮ ಊರ ಬಯಲಿನಲ್ಲಿ

ಸ್ವತಂತ್ರ ಭಾರತದ ಮೊದಲ ಮಹಾಚುನಾವಣೆ 1951-52ರಲ್ಲಿ ನಡೆದಾಗ ಮತದಾರರ ಸಂಖ್ಯೆ ಸುಮಾರು 17 ಕೋಟಿ 60 ಲಕ್ಷ. ಅವರಲ್ಲಿ ಶೇಕಡಾ 85ರಷ್ಟು ಮಂದಿಗೆ ಓದು ಬರಹ ತಿಳಿಯದು. ಮುಖ್ಯ ಚುನಾವಣಾ ಆಯುಕ್ತ ಸುಕುಮಾರ ಸೇನರು ಪಕ್ಷಗಳಿಗೆ ಚಿತ್ರರೂಪದ ಗುರುತುಗಳನ್ನು ಕೊಟ್ಟರು. ಮತವೆಂದರೇನು, ಮತದಾರನ ಹೊಣೆಯೇನು ಎಂದು ತಿಳಿಸುವ ಸಾಕ್ಷ್ಯಚಿತ್ರವನ್ನು ದೇಶದ 3,000ಕ್ಕೂ ಹೆಚ್ಚು ಚಿತ್ರಮಂದಿರಗಳಲ್ಲಿ ತೋರಿಸಲಾಯಿತು. ಗಮನಿಸಿ: ನಮ್ಮ ದೇಶದ ಚುನಾವಣೆಗೂ ಚಲನಚಿತ್ರಕ್ಕೂ ಬೆಸೆದ ಈ ಮೊದಲ ದೊಡ್ಡ ನಂಟಿನಲ್ಲಿ ಪಕ್ಷದ ಜಯಕಾರವಿರಲಿಲ್ಲ. ಮತದಾರನನ್ನು ಬುದ್ಧಿಯುಳ್ಳ ಮನುಷ್ಯನೆಂದು ನಂಬಿ ಮಾಡಿದ ಪಾಠ ಅದು.

ಅದಾಗಲೇ 1948ರಲ್ಲಿ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್ ಆರಂಭವಾಗಿತ್ತು. ಪ್ರತಿ ಚಿತ್ರಮಂದಿರವೂ, ಡೇರೆಯ ಟೂರಿಂಗ್ ಟಾಕೀಸು ಸಹ, ಮುಖ್ಯ ಚಿತ್ರಕ್ಕೆ ಮೊದಲು ಸರ್ಕಾರ ಒಪ್ಪಿದ ವಾರ್ತಾಚಿತ್ರ ಅಥವಾ ಸಾಕ್ಷ್ಯಚಿತ್ರ ತೋರಿಸಬೇಕೆಂಬ ಕಟ್ಟುಪಾಡಿತ್ತು. ಅರಸೀಕೆರೆಯಲ್ಲಾಗಲಿ ಬೇಲೂರಿನಲ್ಲಾಗಲಿ ಆ ಕಾಲದಲ್ಲಿ ಸಿನಿಮಾ ನೋಡಿದ ಹಿರಿಯರನ್ನು ಕೇಳಿ ನೋಡಿ. ಅಣೆಕಟ್ಟು, ಉಕ್ಕಿನ ಕಾರ್ಖಾನೆ, ಪ್ರವಾಹದ ಊರಿಗೆ ಮಂತ್ರಿಗಳ ಭೇಟಿ ಅವರ ನೆನಪಿನಲ್ಲಿರುತ್ತವೆ. ಡೇರೆಯೂ ಇಲ್ಲದ ಊರುಗಳಿಗೆ ವ್ಯಾನು ಬಂತು. ಪಂಚವಾರ್ಷಿಕ ಯೋಜನೆಗಳ ಪ್ರಚಾರಕ್ಕೆಂದು 1953ರಲ್ಲಿ ಹುಟ್ಟಿದ ಕೇಂದ್ರದ ಸಂಸ್ಥೆಯೇ ಮುಂದೆ ಕ್ಷೇತ್ರ ಪ್ರಚಾರ ನಿರ್ದೇಶನಾಲಯವಾಯಿತು. ರಾಜ್ಯದ ವಾರ್ತಾ ಇಲಾಖೆಯ ವಾಹನಗಳೂ ಇದ್ದವು.

ಪ್ರದರ್ಶನದ ಕ್ರಮವನ್ನು ಇಂದಿನ ಮಕ್ಕಳಿಗೆ ವಿವರಿಸಿ ಹೇಳಬೇಕು. ಸಂಜೆ ವ್ಯಾನು ಬಂದು ಶಾಲೆಯ ಬಯಲಿನಲ್ಲೋ ಸಂತೆಯ ಮಾಳದಲ್ಲೋ ನಿಲ್ಲುತ್ತಿತ್ತು. ಎರಡು ಗಳಗಳ ನಡುವೆ ಬಿಳಿ ಪರದೆ ಬಿಗಿಯುತ್ತಿದ್ದರು. ವಿದ್ಯುತ್ತಿಲ್ಲದ ಊರಾದರೆ ಜನರೇಟರಿನ ಸದ್ದು. ಕತ್ತಲಾದ ಮೇಲೆ 16 ಮಿಲಿಮೀಟರಿನ ರೀಲು ತಿರುಗತೊಡಗುತ್ತಿತ್ತು. ಜಾಗ ಸಾಲದವರು ಪರದೆಯ ಹಿಂದೆ ಕುಳಿತು ಚಿತ್ರವನ್ನು ಎಡಬಲ ತಿರುವುಮುರುವಾಗಿ ನೋಡುತ್ತಿದ್ದರು. ಮಲೇರಿಯಾ ನಿವಾರಣೆ, ಗೊಬ್ಬರ, ಕೆಂಪು ತ್ರಿಕೋನದ ಕುಟುಂಬ ಯೋಜನೆ, ಸಹಕಾರ ಸಂಘ: ವಿಷಯ ಯಾವುದಿದ್ದರೂ ನೋಡುವುದು ಗುಂಪಿನಲ್ಲಿ. ಬೆಳಕು ಕುಣಿಯುವಾಗಲೇ ಟೀಕೆ ಶುರು. ತೆರೆಯ ಮೇಲಿನ ಎತ್ತು ನೋಡಿ ಇದು ನಮ್ಮ ಸೀಮೆಯದಲ್ಲ ಎನ್ನುವವನೊಬ್ಬ; ಅಷ್ಟು ಗೊಬ್ಬರಕ್ಕೆ ದುಡ್ಡು ಯಾರಪ್ಪ ಕೊಡುತ್ತಾರೆ ಎನ್ನುವವನೊಬ್ಬ. ಮಾರನೆಯ ದಿನ ಕೆಲಸದ ನಡುವೆ, ಬಾವಿಕಟ್ಟೆಯಲ್ಲಿ ಆ ಚಿತ್ರದ ವಿಚಾರಣೆ ಮುಂದುವರಿಯುತ್ತಿತ್ತು. ಪರದೆ ಮಾತಾಡುತ್ತಿತ್ತು, ಆದರೆ ಊರೂ ತಿರುಗಿ ಮಾತಾಡುತ್ತಿತ್ತು.

ಸರ್ಕಾರದ ಚಿತ್ರವೂ ಆಳುವ ಪಕ್ಷದ ಚಿತ್ರವೂ ಬೇರೆ ಬೇರೆಯೆಂಬುದು ಕಾಗದದ ಮೇಲೆ ಸ್ಪಷ್ಟ. ಪರದೆಯ ಮೇಲೆ ಹಾಗಿರಲಿಲ್ಲ. ಅಣೆಕಟ್ಟು ಉದ್ಘಾಟಿಸುವ ಮಂತ್ರಿಯೇ ಮುಂದಿನ ವರ್ಷ ಮತ ಕೇಳಲು ಬರುತ್ತಿದ್ದರು. ಈ ಗೆರೆ ಪೂರ್ತಿ ಅಳಿಸಿಹೋದ ಕಾಲವೂ ಬಂತು.

ತೆರೆಯ ಭೂಮಿ, ಕಾಲಡಿಯ ಭೂಮಿ

1975ರ ಜೂನ್ 25ರಂದು ತುರ್ತು ಪರಿಸ್ಥಿತಿ ಘೋಷಣೆಯಾಯಿತು. ಜುಲೈ 1ರಂದು ಪ್ರಧಾನಿ ಇಂದಿರಾ ಗಾಂಧಿಯವರು 20 ಅಂಶಗಳ ಕಾರ್ಯಕ್ರಮ ಪ್ರಕಟಿಸಿದರು. ಭೂಮಿತಿ, ನಿವೇಶನ, ಜೀತ ವಿಮುಕ್ತಿ, ಸಾಲದಿಂದ ಬಿಡುಗಡೆ: ಇವೆಲ್ಲ ಗ್ರಾಮೀಣ ಬಡವರನ್ನು ಕುರಿತ ಮಾತುಗಳೇ. ಫಿಲ್ಮ್ಸ್ ಡಿವಿಷನ್ ಈ ಕಾರ್ಯಕ್ರಮವನ್ನು ಹೊಗಳುವ ಚಿತ್ರಗಳನ್ನು ತಯಾರಿಸಿತು. ಅದೇ ಆಗಸ್ಟ್ 1ರಂದು, ಮುಂಚೆಯೇ ಯೋಜಿಸಿದ್ದ ಉಪಗ್ರಹ ದೂರದರ್ಶನ ಪ್ರಯೋಗವೂ ಆರಂಭವಾಯಿತು. ಅಮೆರಿಕದ ಉಪಗ್ರಹವೊಂದರ ನೆರವಿನಿಂದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಿಗೆ ಒಂದು ವರ್ಷ ದೂರದರ್ಶನ ತಲುಪಿತು. ಕರ್ನಾಟಕದಲ್ಲಿ ಬಿಜಾಪುರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳ ಹಳ್ಳಿಗಳು ಸೇರಿದ್ದವು. ಕೃಷಿ ಮತ್ತು ಶಿಕ್ಷಣಕ್ಕಾಗಿ ರೂಪುಗೊಂಡ ಈ ಯೋಗ್ಯ ಪ್ರಯೋಗ ನಡೆದದ್ದು ಪತ್ರಿಕೆಗಳಿಗೆ ಬೀಗ ಬಿದ್ದಿದ್ದ ದಿನಗಳಲ್ಲಿ. ಇನ್ನೊಂದು ಕಡೆ, ಅಧಿಕಾರವನ್ನು ಹಾಸ್ಯ ಮಾಡಿದ ಅಮೃತ್ ನಹಾಟಾ ಅವರ 'ಕಿಸ್ಸಾ ಕುರ್ಸಿ ಕಾ' ಚಿತ್ರದ ಪ್ರತಿಗಳನ್ನು ನಾಶಮಾಡಲಾಯಿತು. 1977ರ ಫೆಬ್ರವರಿ 6ರಂದು ದೆಹಲಿಯ ರಾಮಲೀಲಾ ಮೈದಾನದಲ್ಲಿ ವಿರೋಧಿಗಳ ಸಭೆಯಿದ್ದ ಸಂಜೆ ದೂರದರ್ಶನವು 'ಬಾಬಿ' ಎಂಬ ಜನಪ್ರಿಯ ಚಿತ್ರವನ್ನು ಪ್ರಸಾರ ಮಾಡಿತು. ಜನ ಆ ಚಿತ್ರವನ್ನು ಬಿಟ್ಟು ಸಭೆಗೇ ಹೋದರು.

1977ರ ಮಾರ್ಚ್ ಚುನಾವಣೆಯಲ್ಲಿ ಉತ್ತರ ಭಾರತದ ಮತದಾರ ಕಾಂಗ್ರೆಸ್ಸನ್ನು ಗುಡಿಸಿಹಾಕಿದ. ಬಲವಂತದ ಸಂತಾನಹರಣ ಚಿಕಿತ್ಸೆಯನ್ನು ಕಂಡ ಹಳ್ಳಿಗೆ ಸುಖೀ ಕುಟುಂಬದ ಚಿತ್ರ ತೋರಿಸಿ ಪ್ರಯೋಜನವಾಗಲಿಲ್ಲ. ಆದರೆ ಕರ್ನಾಟಕದಲ್ಲಿ ಅದೇ ಪಕ್ಷ 28 ಸ್ಥಾನಗಳಲ್ಲಿ 26ನ್ನು ಗೆದ್ದಿತು. ಹಾಗಾದರೆ ನಮ್ಮವರು ಚಿತ್ರಗಳಿಗೆ ಮರುಳಾದರೇ? ಹಾಗೆನ್ನುವುದು ಅನ್ಯಾಯ. ದೇವರಾಜ ಅರಸು ಸರ್ಕಾರದ ಭೂಸುಧಾರಣಾ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದಿತ್ತು. ಗೇಣಿದಾರ ಅರ್ಜಿ ಬರೆದು ನ್ಯಾಯಮಂಡಳಿಯ ಮುಂದೆ ನಿಂತು ಪಹಣಿಯಲ್ಲಿ ತನ್ನ ಹೆಸರು ಕಂಡಿದ್ದ. 1976ರಲ್ಲಿ ಋಣ ಪರಿಹಾರದ ಕಾಯಿದೆಯೂ ಬಂದಿತ್ತು. ಅವನು ಮತ ಹಾಕಿದ್ದು ಕೈಗೆ ಬಂದ ಕಾಗದವನ್ನು ನೋಡಿ.

ಇಲ್ಲಿ ನಮ್ಮ ಕಾಫಿ ಸೀಮೆಯವರು ಮರೆಯಬಾರದ ಒಂದು ಸಂಗತಿಯಿದೆ. ಆ ಭೂಸುಧಾರಣೆಯಿಂದ ಕಾಫಿ, ಏಲಕ್ಕಿ, ಮೆಣಸು ಮುಂತಾದ ತೋಟಗಳಿಗೆ ವಿನಾಯಿತಿ ಇತ್ತು. ಬಯಲು ಸೀಮೆಯಲ್ಲಿ ಉಳುವವನೇ ಒಡೆಯನೆಂಬ ಮಾತು ಪಹಣಿಯಾಗಿ ಇಳಿದು ಬಂದಾಗ, ತೋಟದ ಲೈನ್ ಮನೆಯಲ್ಲಿದ್ದ ಆಳಿಗೆ ಅದು ಪಕ್ಕದ ಊರಿನ ಸುದ್ದಿಯಾಗಿ ಉಳಿಯಿತು. ತಾನು ಬಗೆದ ಗುಂಡಿಯಲ್ಲಿ ನೆಟ್ಟ ಗಿಡ ಹಣ್ಣು ಬಿಟ್ಟರೂ ನೆಲ ಅವನದಾಗಲಿಲ್ಲ. ಅಂಥವನ ಮುಂದೆ ಭೂಮಿ ಪಡೆದ ರೈತನ ನಗುಮುಖದ ಚಿತ್ರ ಓಡಿದಾಗ ಅವನು ಏನೆಂದುಕೊಂಡಿರಬಹುದು? ಚಿತ್ರ ಸುಳ್ಳು ಹೇಳುತ್ತಿರಲಿಲ್ಲ. ಎಲ್ಲರ ಕಥೆಯನ್ನೂ ಹೇಳುತ್ತಿರಲಿಲ್ಲ, ಅಷ್ಟೆ. ಈ ಕೊರತೆಯನ್ನು ಗುರುತಿಸಲು ಅವನಿಗೆ ಅಕ್ಷರ ಬೇಕಾಗಿರಲಿಲ್ಲ. ಅವನ ಬದುಕೇ ಅದಕ್ಕೆ ಸಾಕ್ಷಿಯಾಗಿತ್ತು.

ತುರ್ತು ಪರಿಸ್ಥಿತಿಯ ಮಾಧ್ಯಮ ದುರ್ಬಳಕೆಯ ಬಗೆಗೆ 1977ರ ಆಗಸ್ಟಿನಲ್ಲಿ ಹೊಸ ಸರ್ಕಾರ ಶ್ವೇತಪತ್ರ ಹೊರಡಿಸಿತು. 1979ರಲ್ಲಿ ಚುನಾವಣಾ ಆಯೋಗವು ಮಾದರಿ ನೀತಿ ಸಂಹಿತೆಗೆ ಆಳುವ ಪಕ್ಷವನ್ನು ಕುರಿತ ಭಾಗವನ್ನೇ ಸೇರಿಸಿತು. ಸರ್ಕಾರದ ಹಣ, ವಾಹನ, ಮಾಧ್ಯಮಗಳನ್ನು ಪಕ್ಷದ ಲಾಭಕ್ಕೆ ಬಳಸಕೂಡದೆಂಬ ನಿಯಮ ಇಂದು ನಮಗೆ ಸಹಜವೆನ್ನಿಸುತ್ತದೆ. ಅದು ಕಹಿಯಾದ ಅನುಭವದಿಂದ ಹುಟ್ಟಿದ್ದು.

ಮೂರು ತಿಂಗಳಲ್ಲಿ ಎರಡು ತೀರ್ಪು

ನಮ್ಮ ನೆರೆನಾಡುಗಳಲ್ಲಿ ರಾಜಕೀಯದ ದಾರಿ ಚಿತ್ರರಂಗದ ಮೂಲಕವೇ ಹಾದುಹೋಯಿತು. ತಮಿಳುನಾಡಿನಲ್ಲಿ ಅಣ್ಣಾದೊರೈ, ಕರುಣಾನಿಧಿಯವರು ಸಂಭಾಷಣೆ ಬರೆದು ತತ್ತ್ವವನ್ನು ಜನರಿಗೆ ಮುಟ್ಟಿಸಿದರು. ಬಡವರ ಬಂಧುವಾಗಿ ತೆರೆಯ ಮೇಲೆ ಮೆರೆದ ಎಂ.ಜಿ. ರಾಮಚಂದ್ರನ್ 1977ರಲ್ಲಿ ಮುಖ್ಯಮಂತ್ರಿಯಾದರು. ಆಂಧ್ರದಲ್ಲಿ ಎನ್.ಟಿ. ರಾಮರಾಯರು 1982ರ ಮಾರ್ಚಿನಲ್ಲಿ ಪಕ್ಷ ಕಟ್ಟಿ, ವ್ಯಾನನ್ನೇ ರಥ ಮಾಡಿಕೊಂಡು ಊರೂರು ಸುತ್ತಿ 1983ರ ಜನವರಿಯಲ್ಲಿ ಅಧಿಕಾರಕ್ಕೆ ಬಂದರು. ಕರ್ನಾಟಕದಲ್ಲಿ ಜನ ಆರಾಧಿಸಿದ ಡಾ. ರಾಜ್‌ಕುಮಾರ್ 1982ರಲ್ಲಿ ಗೋಕಾಕ್ ಚಳವಳಿಯ ಮುಂದಾಳತ್ವ ವಹಿಸಿದರೂ ಎಂದೂ ಚುನಾವಣೆಗೆ ನಿಲ್ಲಲಿಲ್ಲ. ಅವರ 1972ರ 'ಬಂಗಾರದ ಮನುಷ್ಯ' ಹಳ್ಳಿಯ ದುಡಿಮೆಗೆ ಗೌರವ ತಂದ ಚಿತ್ರ. ಅದನ್ನು ನೋಡಿ ಓದಿದ ತರುಣರು ಬೇಸಾಯಕ್ಕೆ ಮರಳಿದರೆಂದು ಇಂದಿಗೂ ಹೇಳುತ್ತಾರೆ. ಅದರ ಕೊನೆಯಲ್ಲಿ ಯಾವ ಪಕ್ಷದ ಗುರುತೂ ಇರಲಿಲ್ಲ.

ಕನ್ನಡ ಮತದಾರನ ವಿವೇಕವನ್ನು ತಿಳಿಯಬೇಕಾದರೆ ಮುಂದಿನ ಎರಡು ಚುನಾವಣೆಗಳನ್ನು ಒಟ್ಟಿಗೆ ನೋಡಬೇಕು. 1983ರ ಜನವರಿಯಲ್ಲಿ ರಾಮಕೃಷ್ಣ ಹೆಗಡೆಯವರ ನೇತೃತ್ವದಲ್ಲಿ ರಾಜ್ಯದ ಮೊದಲ ಕಾಂಗ್ರೆಸ್ಸೇತರ ಸರ್ಕಾರ ಬಂದಿತ್ತು. 1984ರ ಅಕ್ಟೋಬರ್ 31ರಂದು ಇಂದಿರಾ ಗಾಂಧಿಯವರ ಹತ್ಯೆಯಾಯಿತು. ಅಂತಿಮ ದರ್ಶನ, ಚಿತೆಯ ಮುಂದೆ ನಿಂತ ಮಗ: ದೂರದರ್ಶನದ ಈ ದೃಶ್ಯಗಳು ದೇಶವನ್ನು ಕಲಕಿದವು. ಡಿಸೆಂಬರಿನ ಲೋಕಸಭಾ ಚುನಾವಣೆಯಲ್ಲಿ ಕರ್ನಾಟಕದ 28 ಸ್ಥಾನಗಳಲ್ಲಿ 24 ಕಾಂಗ್ರೆಸ್ಸಿಗೆ ಹೋದವು. ಹೆಗಡೆಯವರು ಹೊಸ ಜನಾದೇಶ ಕೇಳಿದರು. 1985ರ ಮಾರ್ಚಿನಲ್ಲಿ ಅದೇ ಮತದಾರರು ಜನತಾ ಪಕ್ಷಕ್ಕೆ ವಿಧಾನಸಭೆಯ 224ರಲ್ಲಿ 139 ಸ್ಥಾನ ಕೊಟ್ಟರು.

ಮೂರು ತಿಂಗಳ ಹಿಂದೆ ಕಣ್ಣೀರಿಟ್ಟ ಜನ ಮೋಸ ಹೋಗಿದ್ದರೇ? ಇಲ್ಲ. ದುಃಖಕ್ಕೆ ಕೊಡಬೇಕಾದದ್ದನ್ನು ದುಃಖಕ್ಕೆ ಕೊಟ್ಟರು. ಊರಿನ ಆಡಳಿತ, ಕುಡಿಯುವ ನೀರು, ಪಂಚಾಯಿತಿಯ ಪ್ರಶ್ನೆ ಬಂದಾಗ ಬೇರೆ ತಕ್ಕಡಿ ಹಿಡಿದರು. ಹಳ್ಳಿಯವನಿಗೆ ಚಿತ್ರ ತೋರಿಸಿದರೆ ಮುಗಿಯಿತೆಂದು ತಿಳಿದವರಿಗೆ ಇದಕ್ಕಿಂತ ಒಳ್ಳೆಯ ಉತ್ತರ ಇನ್ನಾವುದಿದೆ?

ಬಯಲಿನಿಂದ ಅಂಗೈಗೆ

ವಿಡಿಯೋ ಕ್ಯಾಸೆಟ್ ಬಂದ ಮೇಲೆ ರೀಲಿನ ಖರ್ಚು ತಪ್ಪಿತು, ಪಕ್ಷಗಳಿಗೆ ಸರ್ಕಾರದ ಯಂತ್ರದ ಹಂಗೂ ತಪ್ಪಿತು. 1980ರ ದಶಕದ ಕೊನೆಯಿಂದ ಚುನಾವಣೆಗೆ ವಿಡಿಯೋ ರಥಗಳು ಹೊರಟವು. ಭಾರತೀಯ ಜನತಾ ಪಕ್ಷಕ್ಕಾಗಿ ಜೆ.ಕೆ. ಜೈನ್ ಅವರ ಸ್ಟುಡಿಯೋ ಸಜ್ಜುಗೊಳಿಸಿದ ವಾಹನಗಳು ಈ ಮಾರ್ಗದಲ್ಲಿ ಹೆಸರಾದವು. ಉಳಿದ ಪಕ್ಷಗಳೂ ಹಿಂದೆ ಬೀಳಲಿಲ್ಲ. 2014ರ ಲೋಕಸಭಾ ಚುನಾವಣೆಯಲ್ಲಿ ನರೇಂದ್ರ ಮೋದಿಯವರ ಭಾಷಣವನ್ನು ಮೂರು ಆಯಾಮದ ಬೆಳಕಿನ ರೂಪದಲ್ಲಿ ಒಂದೇ ಹೊತ್ತಿಗೆ ಅನೇಕ ಊರುಗಳಲ್ಲಿ ತೋರಿಸಲಾಯಿತು. ಅಷ್ಟರಲ್ಲಿ ಹಳೆಯ ಸರ್ಕಾರಿ ವ್ಯಾನಿನ ಯುಗ ಮುಗಿಯುತ್ತ ಬಂದಿತ್ತು. 2017ರಲ್ಲಿ ಕ್ಷೇತ್ರ ಪ್ರಚಾರ ನಿರ್ದೇಶನಾಲಯ ಬೇರೊಂದು ಸಂಸ್ಥೆಯಲ್ಲಿ ವಿಲೀನವಾಯಿತು.

ಕಾನೂನು ಈ ಓಟವನ್ನು ಹಿಂದಿನಿಂದ ಹಿಡಿಯಲು ಯತ್ನಿಸುತ್ತಲೇ ಬಂದಿದೆ. ಪ್ರಜಾಪ್ರತಿನಿಧಿ ಕಾಯಿದೆಯ 126ನೆಯ ಕಲಮಿನ ಪ್ರಕಾರ ಮತದಾನ ಮುಗಿಯುವುದಕ್ಕೆ ಮುಂಚಿನ 48 ಗಂಟೆಗಳಲ್ಲಿ ಸಿನಿಮಾ, ದೂರದರ್ಶನಗಳ ಮೂಲಕ ಚುನಾವಣಾ ವಿಷಯ ತೋರಿಸುವಂತಿಲ್ಲ; ತಪ್ಪಿದರೆ ಎರಡು ವರ್ಷದವರೆಗೆ ಸೆರೆಮನೆಯ ಶಿಕ್ಷೆ ಇದೆ. 2004ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು ಟಿವಿಯ ರಾಜಕೀಯ ಜಾಹೀರಾತಿಗೆ ಪೂರ್ವ ಪರಿಶೀಲನೆ ಇರಬೇಕೆಂದಿತು. 2019ರಲ್ಲಿ ಪ್ರಧಾನಿಯವರ ಜೀವನಚಿತ್ರದ ಬಿಡುಗಡೆಯನ್ನು ಆಯೋಗವು ಮತದಾನ ಮುಗಿಯುವವರೆಗೆ ತಡೆಯಿತು. ಆದರೆ ಚಿತ್ರಮಂದಿರಕ್ಕೆ ಬಾಗಿಲಿದೆ, ವ್ಯಾನಿಗೆ ನೋಂದಣಿ ಸಂಖ್ಯೆಯಿದೆ. ಒಬ್ಬರಿಂದ ಒಬ್ಬರಿಗೆ ಹಾರುವ ವಾಟ್ಸಾಪ್ ತುಣುಕಿಗೆ ಎರಡೂ ಇಲ್ಲ.

2024ರ ಚುನಾವಣೆಯಲ್ಲಿ ಇದರ ಫಲ ಕಂಡಿತು. ಏಪ್ರಿಲ್ ಕೊನೆಯಲ್ಲಿ ಕೇಂದ್ರ ಗೃಹಮಂತ್ರಿಗಳ ಭಾಷಣವನ್ನು ಕತ್ತರಿಸಿ ಜೋಡಿಸಿದ ವಿಡಿಯೋ ಹರಿದಾಡಿತು. ಪರಿಶಿಷ್ಟರ ಮತ್ತು ಹಿಂದುಳಿದವರ ಮೀಸಲಾತಿಯನ್ನೇ ರದ್ದುಮಾಡುವುದಾಗಿ ಅವರು ಹೇಳಿದಂತೆ ಅದು ತೋರಿಸುತ್ತಿತ್ತು. ಅದನ್ನು ಹಂಚಿದರೆಂದು ತೆಲಂಗಾಣ ಕಾಂಗ್ರೆಸ್ಸಿನವರ ಮೇಲೆ ಪೊಲೀಸರು ಕ್ರಮ ಕೈಗೊಂಡರು. ಮೇ ಮೊದಲ ವಾರದಲ್ಲಿ ಕರ್ನಾಟಕ ಬಿಜೆಪಿಯ ಖಾತೆಯಲ್ಲಿ ಒಂದು ವ್ಯಂಗ್ಯ ಅನಿಮೇಷನ್ ಬಂತು. ಪರಿಶಿಷ್ಟರು ಮತ್ತು ಹಿಂದುಳಿದವರು ಒಂದೇ ಗೂಡಿನ ಮೊಟ್ಟೆಗಳು. ಅವರ ನಡುವೆ ಇಟ್ಟ ಮುಸ್ಲಿಮರ ಮೊಟ್ಟೆಯಿಂದ ಬಂದ ಮರಿ ಉಳಿದವನ್ನು ಹೊರತಳ್ಳುತ್ತದೆಂಬುದು ಅದರ ಕಥೆ. ಮೇ 7ರಂದು ಆಯೋಗವು ಅದನ್ನು ತೆಗೆಸಲು ಸೂಚಿಸಿತು. ಅದರ ಹಿಂದಿನ ದಿನವಷ್ಟೇ, ನಕಲಿ ವಿಡಿಯೋಗಳು ಗಮನಕ್ಕೆ ಬಂದ 3 ಗಂಟೆಯೊಳಗೆ ಅವನ್ನು ತೆಗೆಯಬೇಕೆಂದು ಅದು ಎಲ್ಲ ಪಕ್ಷಗಳಿಗೂ ಹೇಳಿತ್ತು.

ಪಕ್ಷಗಳನ್ನು ತೂಗುವುದಕ್ಕಾಗಿ ನಾನು ಇವನ್ನು ಹೇಳುತ್ತಿಲ್ಲ. ಚಿತ್ರದ ವಸ್ತು ಹೇಗೆ ಬದಲಾಗಿದೆ ನೋಡಿ. ನಿನ್ನ ಜಮೀನು, ನಿನ್ನ ಕೂಲಿ, ನಿನ್ನ ಮನೆ ಎಂದು ಹೇಳುತ್ತಿದ್ದ ಚಿತ್ರವನ್ನು ನಮ್ಮ ಜನ ತಮ್ಮ ಅನುಭವದ ಒರೆಗಲ್ಲಿಗೆ ಉಜ್ಜಿ ನೋಡಿದರು. ಈಗಿನ ಚಿತ್ರ ನಿನ್ನ ಪಾಲನ್ನು ಕಸಿಯುವವನು ಯಾರು ಎಂದು ಬೆರಳು ತೋರಿಸುತ್ತದೆ. ತೊಂಬತ್ತು ವರ್ಷಗಳ ಹಿಂದೆ ಕ್ಯಾಲಿಫೋರ್ನಿಯಾದ ತೆರೆಯ ಮೇಲೆ ರೈಲಿನಿಂದ ಇಳಿದ ಆ ಅಲೆಮಾರಿಯೇ ಬೇರೆ ಬೇರೆ ವೇಷದಲ್ಲಿ ನಮ್ಮ ಮೊಬೈಲಿಗೆ ಬಂದಿದ್ದಾನೆ. ಅದನ್ನು ನಾವು ನೋಡುವುದು ಬಯಲಿನಲ್ಲಿ ಹತ್ತು ಜನರ ನಡುವೆಯಲ್ಲ. ಹಾಸಿಗೆಯ ಮೇಲೆ, ಒಬ್ಬರೇ. ಇದು ನಮ್ಮ ಸೀಮೆಯ ಎತ್ತಲ್ಲ ಎಂದು ಗಟ್ಟಿಯಾಗಿ ಹೇಳುವ ಮುದುಕ ಪಕ್ಕದಲ್ಲಿಲ್ಲ.

ನಮ್ಮ ಹಾಸನ ಕ್ಷೇತ್ರವೇ ಆ ವರ್ಷ ಇದಕ್ಕಿಂತಲೂ ಕಠೋರವಾದದ್ದನ್ನು ಕಂಡಿತು. ಏಪ್ರಿಲ್ 26ರ ಮತದಾನಕ್ಕೆ ಕೆಲವೇ ದಿನಗಳ ಮುಂಚೆ, ಆಗಿನ ಸಂಸದರ ಮೇಲಿನ ಲೈಂಗಿಕ ದೌರ್ಜನ್ಯದ ಆರೋಪಗಳಿಗೆ ಸಂಬಂಧಿಸಿದ ವಿಡಿಯೋಗಳು ಪೆನ್‌ಡ್ರೈವ್‌ಗಳಲ್ಲಿ ಜಿಲ್ಲೆಯ ತುಂಬ ಹರಡಿದವು. ಸರ್ಕಾರ ವಿಶೇಷ ತನಿಖಾ ತಂಡ ರಚಿಸಿತು. ಸಂಸದರು ಚುನಾವಣೆಯಲ್ಲಿ ಸೋತರು. 2025ರ ಆಗಸ್ಟಿನಲ್ಲಿ ಮನೆಗೆಲಸದ ಮಹಿಳೆಯೊಬ್ಬರು ಕೊಟ್ಟ ದೂರಿನ ಪ್ರಕರಣದಲ್ಲಿ ವಿಶೇಷ ನ್ಯಾಯಾಲಯ ಅವರಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಅಪರಾಧಕ್ಕೆ ಶಿಕ್ಷೆಯಾಗಲೇಬೇಕು. ಆದರೆ ಮುಖವನ್ನೂ ಮರೆಮಾಡದೆ ಆ ಹೆಣ್ಣುಮಕ್ಕಳ ಅಳಲನ್ನು ಬೀದಿಗೆ ಹಂಚಿದವರು ಯಾರೇ ಆಗಿರಲಿ, ಅವರಿಗೆ ಆ ತಾಯಂದಿರ ಮಾನ ಚುನಾವಣೆಯ ಸರಕಾಗಿತ್ತು. ದುಡಿಯುವ ಹೆಣ್ಣನ್ನು ಪರದೆಯ ಮುಂದೆ ಕೂರಿಸಿ ಮತ ಕೇಳುತ್ತಿದ್ದ ಕಾಲದಿಂದ, ಅವಳನ್ನೇ ಪರದೆಯ ಮೇಲೆ ಎಳೆದು ಮತ ಕೇಳುವ ಕಾಲಕ್ಕೆ ನಾವು ಬಂದೆವು. ಅದನ್ನು ಕುತೂಹಲಕ್ಕೆ ತೆರೆದು ನೋಡಿದ, ಮುಂದಕ್ಕೆ ಕಳುಹಿಸಿದ ಪ್ರತಿ ಕೈಗೂ ಅದರಲ್ಲಿ ಪಾಲಿದೆ.

ನಮ್ಮ ಪಾಲಿನ ಕೆಲಸ

ಪ್ರತ್ಯಕ್ಷ ಕಂಡರೂ ಪರಾಂಬರಿಸಿ ನೋಡು ಎನ್ನುವ ಗಾದೆ ಸಿನಿಮಾ ಹುಟ್ಟುವ ಎಷ್ಟೋ ಮೊದಲು ನಮ್ಮ ಹಳ್ಳಿಗಳಲ್ಲಿ ಹುಟ್ಟಿತು. ಕಣ್ಣನ್ನು ನಂಬಬೇಡ ಎಂದು ಅದು ಹೇಳುವುದಿಲ್ಲ; ಕಣ್ಣು ಕಂಡದ್ದನ್ನು ವಿಚಾರಿಸು ಎನ್ನುತ್ತದೆ. ಹಾಗೆ ವಿಚಾರಿಸಲು ದೊಡ್ಡ ವಿದ್ಯೆ ಬೇಡ. ಈ ಚಿತ್ರ ನನ್ನ ಬದುಕಿನ ಬಗೆಗೆ ಹೇಳುತ್ತಿದೆಯೇ ಅಥವಾ ಬೇರೆಯವರ ಬಗೆಗೋ? ನನ್ನ ಬಗೆಗಾದರೆ, ನನ್ನ ಅನುಭವಕ್ಕೆ ಇದು ಹೊಂದುತ್ತದೆಯೇ? ಬೇರೆಯವರ ಬಗೆಗಾದರೆ, ಅವರನ್ನೇ ಕೇಳಿ ತಿಳಿಯಲು ನನಗೆ ದಾರಿಯಿದೆಯೇ? ಈ ಮೂರು ಪ್ರಶ್ನೆಗಳು ಸಾಕು. ಮೂರನೆಯದಕ್ಕೆ ಉತ್ತರ ನಮ್ಮ ಊರುಗಳಲ್ಲಿ ಸುಲಭ. ಅದೇ ತೋಟದಲ್ಲಿ ನಮ್ಮ ಪಕ್ಕದ ಸಾಲಿನಲ್ಲಿ ಕಾಫಿ ಕೊಯ್ಯುವವರು ಬೇರೆ ಜಾತಿಯವರು, ಬೇರೆ ಮತದವರು, ಈಚೆಗೆ ಬೇರೆ ರಾಜ್ಯದವರು. ಅವರು ನಮ್ಮ ಪಾಲು ಕಸಿದಿದ್ದಾರೆಯೇ ಎಂದು ತಿಳಿಯಲು ಮೊಬೈಲು ಬೇಡ, ಮಧ್ಯಾಹ್ನದ ಬುತ್ತಿ ಬಿಚ್ಚುವಾಗ ಎರಡು ಮಾತಾಡಿದರೆ ಸಾಕು.

ನೆರೆಯವನ ವಿರುದ್ಧ ಸುಳ್ಳುಸಾಕ್ಷಿಯನ್ನು ತಡೆಯುವ ಆಜ್ಞೆಯನ್ನು ನಾವು ಬಾಲ್ಯದಿಂದ ಕಲಿತಿದ್ದೇವೆ. ನ್ಯಾಯಾಲಯದ ಕಟಕಟೆ ಹತ್ತುವ ಅವಕಾಶ ನಮ್ಮಲ್ಲಿ ಬಹುತೇಕರಿಗೆ ಬಾರದು. ಆದರೆ ಪರೀಕ್ಷಿಸದ ವಿಡಿಯೋ ಒಂದನ್ನು ಮುಂದಕ್ಕೆ ಕಳುಹಿಸುವ ಪ್ರತಿ ಸಲವೂ ನಾವು ಸಾಕ್ಷಿ ನುಡಿಯುತ್ತಿದ್ದೇವೆ. ಆದ್ದರಿಂದ ಮುಂದಿನ ಚುನಾವಣೆಯ ಕಾಲಕ್ಕೆ ಒಂದು ಸಣ್ಣ ರೂಢಿಯನ್ನು ಬೆಳೆಸಿಕೊಳ್ಳೋಣ. ಮನೆಯ ಯಾರ ಮೊಬೈಲಿಗೆ ಅಂಥ ಚಿತ್ರ ಬಂದರೂ ಒಬ್ಬರೇ ನೋಡಿ ಒಳಗೊಳಗೇ ಕುದಿಯುವ ಬದಲು ಊಟದ ಹೊತ್ತಿಗೆ ಎಲ್ಲರೆದುರು ಇಟ್ಟು ಮಾತಾಡೋಣ. ಅಜ್ಜಿ ಕೇಳಲಿ, ಮಗ ಹುಡುಕಿ ನೋಡಲಿ, ಸೊಸೆ ತನ್ನ ಸಂಶಯ ಹೇಳಲಿ. ನೀತಿ ಸಂಹಿತೆ ಮೀರಿದ್ದೆಂದು ಕಂಡರೆ ಆಯೋಗದ ಸಿ-ವಿಜಿಲ್ ಆ್ಯಪ್‌ನಲ್ಲಿ ದೂರು ಕೊಡಬಹುದು. 2018ರಿಂದ ಈ ಸೌಲಭ್ಯ ಸಾಮಾನ್ಯ ನಾಗರಿಕನಿಗೂ ಇದೆ. ಇನ್ನೊಬ್ಬರ ಮಾನ ಕಳೆಯುವ ಚಿತ್ರವಾದರೆ ಮಾತಿಗೂ ಇಡದೆ ಅಲ್ಲೇ ಅಳಿಸಿಬಿಡೋಣ.

ಬಿಳಿ ಪರದೆಯ ಸುತ್ತ ಕುಳಿತಿದ್ದ ನಮ್ಮ ಹಿರಿಯರಲ್ಲಿ ಅನೇಕರಿಗೆ ಸಹಿ ಮಾಡಲೂ ಬರುತ್ತಿರಲಿಲ್ಲ. ಆದರೂ 1977ರಲ್ಲಿ, 1983ರಲ್ಲಿ, 1985ರಲ್ಲಿ ಅವರು ತಮ್ಮ ಮತವನ್ನು ತಾವೇ ಅಳೆದು ಹಾಕಿದರು. ಓದಿದ ಮಕ್ಕಳಾದ ನಾವು ಅವರಿಗಿಂತ ಕಡಿಮೆ ವಿಚಾರವಂತರೆನ್ನಿಸಿಕೊಳ್ಳಬಾರದು.